ದಾರಂದದ ಬುಡದಲ್ಲಿ ಬಿಡದ ಸಂದಿ

ಮಂಗಳೂರಿನ ನಮ್ಮ ಮನೆಯ ಮಹಡಿ ಕೋಣೆಗೆ ಲ್ಯಾಮಿನೇಟ್ ನೆಲ ಹಾಕಿದ್ದು ನಾನೇ, ಏಪ್ರಿಲ್ ತಿಂಗಳಲ್ಲಿ. ಜುಲೈ ಹೊತ್ತಿಗೆ ಕೋಣೆಯ ನಡುವೆ ನೆಲ ಉಬ್ಬಿ ನಿಂತಿತು. ಕಾಲಿಟ್ಟರೆ ಟಕ್ ಎಂದು ಇಳಿಯುತ್ತಿತ್ತು, ಎತ್ತಿದರೆ ಮತ್ತೆ ಏಳುತ್ತಿತ್ತು. “ಅಡಿಗೆ ನೀರು ಹೋಗಿರಬೇಕು ಮಗಾ” ಎಂದರು ಅಮ್ಮ. ಆದರೆ ನೀರು ಕುಡಿದ ಹಲಗೆಯ ಅಂಚು ದಪ್ಪವಾಗುತ್ತದೆ, ಹಲಗೆ ಕೂಡುವ ಗೆರೆ ಬೆರಳಿಗೆ ಏಣಾಗಿ ಸಿಗುತ್ತದೆ. ಇಲ್ಲಿ ಕೈಯಾಡಿಸಿದರೆ ನುಣುಪಾಗಿಯೇ ಇತ್ತು.

ಈ ಹಲಗೆಯ ಒಡಲು ಮರದ ನಾರನ್ನು ಅಂಟಿನೊಡನೆ ಒತ್ತಿ ಮಾಡಿದ ಎಚ್‌ಡಿಎಫ್. ನೀರು ತಾಗದಿದ್ದರೂ ಗಾಳಿಯ ತೇವಕ್ಕೇ ಹಿಗ್ಗುತ್ತದೆ. ಮೀಟರಿಗೆ ಒಂದರಿಂದ ಒಂದೂವರೆ ಮಿ.ಮೀ. ಎಂದು ಲೆಕ್ಕ ಹಿಡಿಯುವುದು ವಾಡಿಕೆ. ನಮ್ಮ ಕೋಣೆಯ 4.2 ಮೀಟರ್ ಉದ್ದಕ್ಕೆ ಹೆಚ್ಚೆಂದರೆ ಆರು ಚಿಲ್ಲರೆ ಆಯಿತು. ಹಾಗಾದರೆ ಎರಡು ಕಡೆಯ ಗೋಡೆಗೂ ಮೂರು ಮೂರು ಮಿ.ಮೀ. ಸಂದಿ ಬಿಟ್ಟರೆ ಸಾಕಲ್ಲ ಎನಿಸುತ್ತದೆ. ಸಾಲದು. ಈ ನೆಲವನ್ನು ಕೆಳಗೆ ಅಂಟಿಸಿರುವುದಿಲ್ಲ, ಫೋಮಿನ ಮೇಲೆ ಸುಮ್ಮನೆ ಕೂತಿರುತ್ತದೆ. ಹಿಗ್ಗಿದ್ದೆಲ್ಲ ಒಂದೇ ಗೋಡೆಯ ಕಡೆ ಸರಿದೀತು. ಅದಕ್ಕೇ 12 ಮಿ.ಮೀ. ಪ್ಲೈವುಡ್ಡಿನ ಚೂರುಗಳನ್ನು ನಾಲ್ಕೂ ಗೋಡೆಗೆ ಅಡಿಗೊಂದರಂತೆ ಕೊಟ್ಟು ಹಲಗೆ ಕೂರಿಸಿದ್ದೆ, ಕೊನೆಗೆ ಎಣಿಸಿ ತೆಗೆದಿದ್ದೆ.

ಹಾಗಿದ್ದೂ ಉಬ್ಬಿದ್ದು ಏಕೆ? ಗೋಡೆಯ ಬುಡದ ಸಂದಿ ಮುಚ್ಚುವ ಸ್ಕರ್ಟಿಂಗ್ ಪಟ್ಟಿ ಬಿಚ್ಚುತ್ತಾ ಬಾಗಿಲ ಹತ್ತಿರ ಬಂದಾಗ ಗೊತ್ತಾಯಿತು. ಅಲ್ಲಿ ಸ್ಕರ್ಟಿಂಗ್ ಬರುವುದಿಲ್ಲ, ಸಂದಿ ಕಣ್ಣಿಗೆ ಬೀಳುತ್ತದೆ ಎಂದು ದಾರಂದದ (ಬಾಗಿಲ ಚೌಕಟ್ಟಿನ) ಆಕಾರಕ್ಕೇ ಹಲಗೆ ಕೊಯ್ದು, ಕಾಗದವೂ ತೂರದಷ್ಟು ಬಿಗಿಯಾಗಿ ಕೂರಿಸಿದ್ದೆ. ಎದುರು ಗೋಡೆಯ ಕಡೆ ನೆಲದ ಮೇಲೆ ಪುಸ್ತಕ ತುಂಬಿದ ಕಬ್ಬಿಣದ ಕಪಾಟು. ಒಂದು ತುದಿ ದಾರಂದಕ್ಕೆ ಒತ್ತಿದೆ, ಇನ್ನೊಂದು ತುದಿಯನ್ನು ಕಪಾಟು ಅದುಮಿದೆ. ನಡುವಿನ ಹಲಗೆಗಳಿಗೆ ಮೇಲೇಳುವುದೊಂದೇ ದಾರಿ. ಮೂರು ಅಂಗುಲದಷ್ಟು ಜಾಗದಲ್ಲಿ ಬಿಗಿ ಇದ್ದರೂ ಸುತ್ತ ಬಿಟ್ಟ ಸಂದಿಯೆಲ್ಲ ವ್ಯರ್ಥ, ಇದನ್ನು ನಾನು ಮೊದಲೇ ಯೋಚಿಸಬೇಕಿತ್ತು.

ಹಲಗೆ ಕೀಳಲಿಲ್ಲ. ಕಪಾಟನ್ನು ಬಾಗಿಲಿನ ಬದಿಗೆ ಸರಿಸಿದೆ, ಭಾರ ಒಂದೇ ತುದಿಗೆ ಇರಲಿ ಎಂದು. ನೆಲದ ಮೇಲೆ ರಟ್ಟಿನ ತುಂಡು ಹಾಕಿ, ಅದರ ಮೇಲೆ ಗರಗಸವನ್ನು ಮಲಗಿಸಿ ದಾರಂದದ ಬುಡವನ್ನು 12 ಮಿ.ಮೀ. ಒಳಕ್ಕೆ ಕೊಯ್ದೆ. ಗೆರೆಯ ಕೆಳಗಿನ ಮರವನ್ನು ಉಳಿಯಿಂದ ಚೂರು ಚೂರಾಗಿ ಬಿಡಿಸಿದೆ. ಈಗ ಹಲಗೆ ದಾರಂದದ ಅಡಿಗೆ ನುಸುಳಬಹುದು, ಸಂದಿಯೂ ಕಾಣದು. ರಟ್ಟು ಇಟ್ಟಿದ್ದು ನೆಲಕ್ಕೆ ಗೀರು ಬೀಳದಿರಲಿ ಎಂದಷ್ಟೇ ಅಲ್ಲ, ಅದರ ದಪ್ಪದಷ್ಟು ಜಾಗ ಮೇಲೆಯೂ ಉಳಿಯಬೇಕು. ಇಲ್ಲದಿದ್ದರೆ ದಾರಂದವೇ ಹಲಗೆಯನ್ನು ಅದುಮುತ್ತದೆ.

ಗಾರೆ ಮೇಸ್ತ್ರಿ ನೋಡಲು ಬಂದವರು, “ಇಷ್ಟು ಸಂದಿ ಬಿಟ್ಟರೆ ಇರುವೆ ಬರ್ತದೆ, ಬಿಳಿ ಸಿಮೆಂಟ್ ತುಂಬಿಸಿ” ಎಂದರು. ಕಾವಿ ನೆಲ, ಟೈಲ್ಸು ಹಾಕಿದ ಕೈಗೆ ಸಂದಿ ಕಂಡರೆ ಮುಚ್ಚಬೇಕೆನಿಸುವುದು ಸಹಜ. ಇಲ್ಲಿ ಮಾತ್ರ ಬೇಡವೇ ಬೇಡ. ಸ್ಕರ್ಟಿಂಗಿನ ಮೊಳೆಯೂ ಗೋಡೆಗೇ ಹೋಗಬೇಕು, ನೆಲಕ್ಕಲ್ಲ. ಬಾಗಿಲಿನ ಲೋಹದ ಪಟ್ಟಿಯ ಸ್ಕ್ರೂ ಕೆಳಗಿನ ಕಾಂಕ್ರೀಟಿಗೆ.

ನಾಲ್ಕನೇ ದಿನಕ್ಕೆ ಉಬ್ಬು ತಾನಾಗಿ ಇಳಿಯಿತು. ಆ ದಿನ ಎದುರು ಗೋಡೆಯ ಸಂದಿ ಅಳೆದಾಗ 7 ಮಿ.ಮೀ. ಇತ್ತು. ಫೆಬ್ರವರಿಯಲ್ಲಿ ಅಲ್ಲಿಯ ಸ್ಕರ್ಟಿಂಗ್ ತುಂಡನ್ನು ತೆಗೆದು ಮತ್ತೆ ಅಳೆದೆ: 10.