'ಥೋಲ್' ಪದದ ಬೆನ್ನು ಹತ್ತಿ ನಾನು ಕಳೆದುಕೊಂಡದ್ದು, ಗಳಿಸಿದ್ದು

ಗ್ಲಾಸ್ಗೋಗೆ ಬಂದ ಹೊಸತು. ಪಕ್ಕದ ಮನೆ ಅಜ್ಜಿ ಅಳಿಯನ ಬಗ್ಗೆ ಅಂದರು: 'ಐ ಕ್ಯಾನೆ ಥೋಲ್ ಹಿಮ್.' ನನಗೆ ಕೇಳಿಸಿದ್ದು ನಮ್ಮ 'ತಾಳು'. ಅವನನ್ನು ತಾಳಲಾರೆ! ಸದ್ದೂ ಅದೇ, ಅರ್ಥವೂ ಅದೇ. 'ಥೋಲ್ ಮಾಡಿದವನು ಗೆಲ್ತಾನೆ' ಅನ್ನುವ, ಸ್ಕಾಟ್ಲೆಂಡಿನ ಸ್ಕಾಟ್ಸ್ ನುಡಿಯ ಗಾದೆ ಬೇರೆ ಸಿಕ್ಕಿತು. 'ತಾಳಿದವನು ಬಾಳಿಯಾನು' ಪಕ್ಕದಲ್ಲಿಟ್ಟು ಕುಣಿದಾಡಿದೆ. ನಾಲ್ಕು ತಿಂಗಳು, ಸುಮಾರು ಇನ್ನೂರು ಟಿಪ್ಪಣಿ ಕಾರ್ಡು. ಎಲ್ಲ ರದ್ದಿಗೆ ಹೋಯಿತು. 'ತಾಳು' ದ್ರಾವಿಡ ಪದ, ನಂಟೇ ಇಲ್ಲ.

ದುಡ್ಡಿನ ಕಥೆ ಇನ್ನೂ ಚೆಂದ. ಹತ್ತು ಸಂಪುಟಗಳ ಸ್ಕಾಟಿಷ್ ನ್ಯಾಷನಲ್ ಡಿಕ್ಷನರಿಯ ಬಿಡಿ ಸಂಪುಟಗಳು ಹಳೇ ಪುಸ್ತಕದಂಗಡಿಯಲ್ಲಿ ಕಂಡವು. 90 ಪೌಂಡ್ ಹತ್ತಿರ ಸುರಿದೆ. ಮನೆಗೆ ಬಂದು ನೋಡಿದರೆ 'ಟಿ' ಅಕ್ಷರದ ಸಂಪುಟವೇ ಇಲ್ಲ! ಇಡೀ ನಿಘಂಟು 2004ರಿಂದ ಇಂಟರ್ನೆಟ್‌ನಲ್ಲಿ ಪುಕ್ಕಟೆ ಇದೆ ಅಂತ ಆಮೇಲೆ ಗೊತ್ತಾಯಿತು. ಹೆಂಡತಿ ಇವತ್ತಿಗೂ ಆಡಿಕೊಳ್ಳುತ್ತಾಳೆ.

ನಡುವೆ ದೋಣಿಯ ಹುಚ್ಚು. ಹುಟ್ಟು ಜಾರದಂತೆ ತಡೆಯುವ ಗೂಟಕ್ಕೂ 'ಥೋಲ್' ಅಂತಾರೆ. ಭಾರ ತಾಳುವ ಗೂಟ, ಅಲ್ವಾ? ಎರಡು ಭಾನುವಾರ ಹಾಳಾದವು. ಅದು ಬೇರೆಯೇ ಪದ.

'ಟಾಲರೇಟ್ ಅನ್ನೋದನ್ನೇ ಮೊಟಕು ಮಾಡಿದ್ದಾರೆ, ಬಿಡಯ್ಯಾ' ಅಂದ ಗೆಳೆಯ. ಅವನ ಮೇಲಿನ ಸಿಟ್ಟಿಗೇ ಒಂದು ಪದದ ಸದ್ದು ಬಿಟ್ಟು ಪದಗಳ ಸಾಲು ಹಿಡಿದೆ. ಸಂಸ್ಕೃತದ 'ತ್ರಿ', ಲ್ಯಾಟಿನ್ 'ತ್ರೇಸ್', ಇಂಗ್ಲಿಷ್ 'ಥ್ರೀ'. ಅಲ್ಲಿ ತ ಇದ್ದ ಕಡೆ ಇಂಗ್ಲಿಷಿನ ಸ್ವಂತ ಪದಗಳಲ್ಲಿ ಥ. 'ಟಾಲರೇಟ್' ಲ್ಯಾಟಿನ್ನಿಂದ ತಡವಾಗಿ ಬಂದದ್ದು, ಅದಕ್ಕೇ ಟ ಉಳಿದಿದೆ. 'ಥೋಲ್' ಹಳೆಯ ಇಂಗ್ಲಿಷಿನ 'ಥೊಲಿಯಾನ್' ಹೊಟ್ಟೆಯಲ್ಲಿ ಹುಟ್ಟಿದ್ದು. ಸ್ವೀಡಿಷ್ 'ತೋಲಾ', ಜರ್ಮನ್ 'ಡುಲ್ಡನ್' ಹತ್ತಿರದ ನೆಂಟರು. 'ಟಾಲರೇಟ್' ದೂರದ ದಾಯಾದಿ, ಅಪ್ಪ ಅಲ್ಲ. ಇವೆಲ್ಲದರ ಮೂಲ ಬೇರಿನ ಅರ್ಥ ಎತ್ತು, ಹೊರು. ಅದೇ ಬೇರಿನಿಂದ ಸಂಸ್ಕೃತಕ್ಕೆ ಬಂದದ್ದು 'ತುಲಾ'. ನಮ್ಮ ತುಲಾಭಾರದ ತುಲಾ! ಮುಂಬಾಗಿಲಲ್ಲಿ ಸಿಗದ ನಂಟು ಹಿತ್ತಲಲ್ಲಿ ಸಿಕ್ಕಿತು. ಗೆಳೆಯ ಒಂದು ವಾರ ಫೋನ್ ಎತ್ತಲಿಲ್ಲ.

ಅರ್ಥಕ್ಕೆ ಮಾತ್ರ ನಿಘಂಟು ಸಾಲದು. ಸ್ಕಾಟ್ಲೆಂಡಿನ ಕವಿ ರಾಬರ್ಟ್ ಬರ್ನ್ಸ್ 1785ರಲ್ಲಿ ಇಲಿ ಮೇಲೆ ಬರೆದ ಪದ್ಯದಲ್ಲಿ ಗೂಡು ಕಳೆದುಕೊಂಡ ಇಲಿ ಚಳಿಗಾಲವನ್ನು 'ಥೋಲ್' ಮಾಡಬೇಕು. ಸ್ಕಾಟ್ಲೆಂಡಿನ ಕೋರ್ಟಿನಲ್ಲಿ ವಿಚಾರಣೆ ಮುಗಿಸಿ ತೀರ್ಪು ಪಡೆದವನು 'ಅಸೈಜ್ (ಅಂದರೆ ವಿಚಾರಣೆ) ಥೋಲ್ ಮಾಡಿದವನು'. ಅದೇ ಆರೋಪಕ್ಕೆ ಸಾಮಾನ್ಯವಾಗಿ ಮತ್ತೆ ಎಳೆಯುವಂತಿಲ್ಲ. ಸುಮ್ನೆ ಸಹಿಸುವುದಲ್ಲ, ಬಂದದ್ದನ್ನು ಹೊತ್ತು ದಾಟುವುದು. ಅಜ್ಜಿಯರ ಬಾಯಿಂದ ಈ ಪದ ತಾನಾಗೇ ಉದುರಿಸುವ ಉಪಾಯವೊಂದು ನನ್ನ ಹತ್ತಿರ ಇದೆ. ಹೇಳಲ್ಲ.

ಈಗ 'ಸ್ವಿದರ್' ಅನ್ನೋ ಇನ್ನೊಂದು ಸ್ಕಾಟ್ಸ್ ಪದ ಹಿಡಿದಿದ್ದೇನೆ. ಹೋಗಲೋ ಬೇಡವೋ ಅಂತ ಮೀನಮೇಷ ಎಣಿಸುವುದು. ನಲವತ್ತು ಕಾರ್ಡು ಆಗಿವೆ, ಇನ್ನೂ ನೆಲ ಸಿಕ್ಕಿಲ್ಲ.