ಅಳಿವೆ ಬಾಯಲ್ಲಿ ಆಳಿಲ್ಲದ ದೋಣಿ: ನನ್ನ ಅನುಭವ

ಉಡುಪಿ ಜಿಲ್ಲೆಯ ಗಂಗೊಳ್ಳಿ ಅಳಿವೆಯಲ್ಲಿ, ಅಂದರೆ ಹೊಳೆ ಕಡಲು ಸೇರುವ ಬಾಯಲ್ಲಿ, ಆಳಿಲ್ಲದೆ ತಾನೇ ಓಡುವ ದೋಣಿ ಬಿಟ್ಟು ನೀರಿನ ಆಳದ ಸರ್ವೆ ಮಾಡುತ್ತೇನೆ ಎಂದಾಗ ನಮ್ಮ ಕಸುಬಿನವರೇ ಒಪ್ಪಲಿಲ್ಲ. ಕೆರೆಗೆ ಸರಿ, ಡ್ಯಾಮಿನ ಹಿನ್ನೀರಿಗೆ ಸರಿ, ತೆರೆ ಮುರಿಯುವ ಜಾಗದಲ್ಲಿ ನಡೆಯೋದಿಲ್ಲ ಎಂದರು. ಈಗ ಎರಡು ಸೀಸನ್ ಮುಗಿದಿದೆ. ಹೂಳೆತ್ತುವ ಮೊದಲಿನ ನಕ್ಷೆ, ಎತ್ತಿದ ಮೇಲಿನ ನಕ್ಷೆ, ಎರಡನ್ನೂ ಇದೇ ದೋಣಿಯಿಂದ ಮಾಡಿಕೊಟ್ಟೆ. ಲೆಕ್ಕ ತಾಳೆಯಾಯಿತು, ಬಿಲ್ಲೂ ಪಾಸಾಯಿತು. ಪಿಕ್ಸ್‌ಹಾಕ್ (ದೋಣಿ ನಡೆಸುವ ಬೋರ್ಡು), ಮಿಷನ್ ಪ್ಲಾನರ್ (ಅದಕ್ಕೆ ದಾರಿ ಹಾಕಿಕೊಡುವ ಸಾಫ್ಟ್‌ವೇರ್), ಆರ್‌ಟಿಕೆ (ಸೆಂಟಿಮೀಟರ್ ಲೆಕ್ಕದ ಜಿಪಿಎಸ್), ಎಕೋ ಸೌಂಡರ್ (ಶಬ್ದ ತಳಕ್ಕೆ ಹೋಗಿ ಬರುವ ಹೊತ್ತಿನಿಂದ ಆಳ ಅಳೆಯುವ ಯಂತ್ರ) ಬಳಸಿ ಗೊತ್ತಿದ್ದವರಿಗಾಗಿ ಬರೆಯುತ್ತಿದ್ದೇನೆ. ಅವನ್ನೆಲ್ಲ ಇಲ್ಲಿ ಬಿಡಿಸಿ ಹೇಳುವುದಿಲ್ಲ.

ಜಾಗದ ಬಗ್ಗೆ ಎರಡು ಮಾತು ಬೇಕು. ಸೌಪರ್ಣಿಕಾ, ವಾರಾಹಿ, ಚಕ್ರಾ, ಕೇದಕ, ಕುಬ್ಜಾ, ಐದೂ ಹೊಳೆಗಳು ಕೂಡಿ ಇಲ್ಲಿ ಕಡಲು ಸೇರುತ್ತವೆ. ಮಳೆಗಾಲದಲ್ಲಿ ಹೊಳೆ ಒಳಗಿನಿಂದ ಮರಳು ತಂದು ಹಾಕುತ್ತದೆ, ಕಡಲು ಹೊರಗಿನಿಂದ ತಳ್ಳುತ್ತದೆ. ಜೂನ್ 1ರಿಂದ ಜುಲೈ 31ರ ತನಕ ಬೋಟುಗಳು ಕಟ್ಟಿರುತ್ತವೆ. ಆಗಸ್ಟ್‌ನಲ್ಲಿ ಹೊರಡುವಾಗ ನೀರಿನಡಿಯ ಮರಳು ದಿಬ್ಬ ಎಲ್ಲಿಗೆ ಸರಿದಿದೆ ಎಂದು ತಾಂಡೇಲರು (ಬೋಟು ನಡೆಸುವವರು) ಅಂದಾಜಿನ ಮೇಲೆಯೇ ಹೋಗಬೇಕು. ಆಳ ಗೊತ್ತಾಗಬೇಕಾದದ್ದು ಆ ದಿಬ್ಬದ ಮೇಲೆ. ಆದರೆ ಸರ್ವೆ ಬೋಟು ಹೋಗಲು ಹೆದರುವುದೂ ಅಲ್ಲಿಗೇ. ಹಿಂದೆ ನಾವು ಬಾಡಿಗೆ ಬೋಟಿನ ಪಕ್ಕಕ್ಕೆ ಕಂಬ ಕಟ್ಟಿ ಟ್ರಾನ್ಸ್‌ಡ್ಯೂಸರ್ (ಸೌಂಡರಿನ ಶಬ್ದ ಬಿಟ್ಟು ಹಿಡಿಯುವ ಭಾಗ) ಇಳಿಸುತ್ತಿದ್ದೆವು. ಬಾಡಿಗೆ, ಡೀಸೆಲ್, ಮೂರು ಜನರ ಕೂಲಿ ಸೇರಿ ದಿನಕ್ಕೆ 18–20 ಸಾವಿರ. ದಿಬ್ಬ ಹತ್ತಿರ ಬಂತು ಅಂದರೆ ಬೋಟಿನವರು ತಿರುಗಿಸಿಬಿಡುತ್ತಿದ್ದರು. ಅವರು ಮಾಡಿದ್ದು ಸರಿಯೇ. ಆದರೆ ನಕ್ಷೆಯಲ್ಲಿ ಬೇಕಾದ ಜಾಗವೇ ಖಾಲಿ ಉಳಿಯುತ್ತಿತ್ತು.

ರೆಡಿಮೇಡ್ ವಿದೇಶಿ ದೋಣಿಗೆ ನನಗೆ ಬಂದ ಕೊಟೇಶನ್ 35 ಲಕ್ಷದ ಮೇಲಿತ್ತು. ನನ್ನದು ಎಲ್ಲ ಸೇರಿ ಸುಮಾರು 11 ಲಕ್ಷಕ್ಕೆ ಮುಗಿಯಿತು. ಅದರಲ್ಲಿ ಅರ್ಧಕ್ಕಿಂತ ಜಾಸ್ತಿ 200 ಕಿಲೋಹರ್ಟ್ಸ್ ಸರ್ವೆ ಸೌಂಡರಿಗೇ ಹೋಯಿತು. ಅದರಲ್ಲಿ ಉಳಿಸಲು ಹೋಗಬೇಡಿ. ಮೊದಲು 50–60 ಸಾವಿರದ ಸಣ್ಣ ಸೋನಾರ್ ಹಾಕಿ ನೋಡಿದ್ದೆ. ಕೆರೆಯಲ್ಲಿ ಚೆನ್ನಾಗಿಯೇ ಇತ್ತು, ಅಳಿವೆಯ ಕಲಕು ನೀರಿನಲ್ಲಿ ತಳ ಬಿಟ್ಟು ಬೇರೇನನ್ನೋ ತೋರಿಸುತ್ತಿತ್ತು. ಹಲ್, ಅಂದರೆ ದೋಣಿಯ ಒಡಲು, ಮಾತ್ರ ಅಗ್ಗ. ಮೀನುಗಾರಿಕೆ ಬೋಟು ಕಟ್ಟುವ ಯಾರ್ಡಿನಲ್ಲೇ ಆರಡಿಯ ಜೋಡಿ ಫೈಬರ್ ಹಲ್ ಹಾಕಿಸಿದೆ. 40 ಸಾವಿರದ ಒಳಗೇ ಆಯಿತು. ಅಲ್ಲಿನ ಕೆಲಸಗಾರರಿಗೆ ಮೂತಿ ಎಷ್ಟು ಎತ್ತರ ಇರಬೇಕು ಅನ್ನೋದು ನನಗಿಂತ ಚೆನ್ನಾಗಿ ಗೊತ್ತಿತ್ತು. ಡ್ರಾಯಿಂಗ್‌ಗಿಂತ ನಾಲ್ಕಿಂಚು ಎತ್ತರಿಸಿ ಕೊಟ್ಟರು. ಆ ನಾಲ್ಕಿಂಚೇ ದೋಣಿಯನ್ನು ಉಳಿಸಿದೆ.

ಕೆಟ್ಟದ್ದರ ಪಟ್ಟಿ ದೊಡ್ಡದಿದೆ. ಮೊದಲು ಎರಡೇ ಟಿ200 ಥ್ರಸ್ಟರ್ (ದೋಣಿ ತಳ್ಳುವ ವಿದ್ಯುತ್ ಪ್ರೊಪೆಲ್ಲರ್) ಇದ್ದವು. 12 ವೋಲ್ಟಿನಲ್ಲಿ ಒಂದೊಂದು ಮೂರೂವರೆ ಕಿಲೋ ಚಿಲ್ಲರೆ ತಳ್ಳುತ್ತದೆ. ಇಳಿತದ ಹೊತ್ತಿಗೆ ಬಿಟ್ಟರೆ ಪೂರ್ತಿ ಥ್ರಾಟಲ್ ಕೊಟ್ಟರೂ ದೋಣಿ ಹೊರಗೆ ಕಡಲಿಗೇ ಹೋಗುತ್ತಿತ್ತು. ಹಿಂದೆ ಬೋಟು ಕಳಿಸಿ ಎಳೆದು ತಂದೆವು. ಆಮೇಲೆ ನಾಲ್ಕು ಹಾಕಿದೆ. ಒಂದೊಂದಕ್ಕೆ ಕಸ್ಟಮ್ಸ್ ಸೇರಿ 25 ಸಾವಿರದ ಮೇಲೆ ಬಿತ್ತು. ಅದರ ಪ್ಲಾಸ್ಟಿಕ್ ಬುಷ್ ಮರಳು ನೀರಿಗೆ ಬೇಗ ಸವೆಯುತ್ತದೆ, ಬಿಡಿಭಾಗ ಕೈಯಲ್ಲಿರಲಿ. ಬಲೆಯ ನೈಲಾನ್ ನೂಲು ಸುತ್ತಿಕೊಂಡು ಇಎಸ್‌ಸಿ (ಮೋಟಾರಿನ ವೇಗ ನಿಯಂತ್ರಿಸುವ ಭಾಗ) ಸುಟ್ಟದ್ದೂ ಆಯಿತು, ಅದೂ ಒಂದೆರಡು ಸಲ ಅಲ್ಲ. ಮುಂದೆ ಜಾಲರಿ ಹಾಕಿದರೆ ನೂಲು ನಿಂತಿತು, ತಳ್ಳುವ ಬಲವೂ ಕಾಲು ಭಾಗ ಹೋಯಿತು. ಜಾಲರಿ ಕಿತ್ತು ಹಾಕಿದೆ.

ಕಂಪಾಸ್ ಬೇರೆ ಕಾಡಿತು. ನಾಲ್ಕು ಥ್ರಸ್ಟರ್ ಒಟ್ಟಿಗೆ ಕರೆಂಟ್ ಎಳೆದರೆ ದಿಕ್ಕು ಹತ್ತಿಪ್ಪತ್ತು ಡಿಗ್ರಿ ಹಾರುತ್ತದೆ. ಎಷ್ಟು ಕ್ಯಾಲಿಬ್ರೇಟ್ ಮಾಡಿದರೂ ಅಷ್ಟೇ. ಎರಡು ಎಫ್9ಪಿ ಆರ್‌ಟಿಕೆ ರಿಸೀವರ್ ಹಾಕಿ, ಎರಡು ಆಂಟೆನಾದಿಂದಲೇ ದಿಕ್ಕು ತೆಗೆದ ಮೇಲೆ ಆ ತಲೆನೋವು ಮುಗಿಯಿತು. ದೋಣಿಗೂ ದಡಕ್ಕೂ ಸಂಪರ್ಕದ ರೇಡಿಯೋ ಕೊಳ್ಳುವವರು ಗಮನಿಸಿ: ಆನ್‌ಲೈನ್‌ನಲ್ಲಿ ಸುಲಭವಾಗಿ ಸಿಗುವ 915 ಮೆಗಾಹರ್ಟ್ಸ್ ಸೆಟ್ ನಮ್ಮ ದೇಶಕ್ಕಲ್ಲ. ನಮ್ಮಲ್ಲಿ ಲೈಸೆನ್ಸ್ ಬೇಡದ್ದು 865ರ ಬ್ಯಾಂಡು. ಸಿಗ್ನಲ್ ತಪ್ಪಿದರೆ ಆರ್‌ಟಿಎಲ್ (ಹೊರಟ ಜಾಗಕ್ಕೆ ತಾನೇ ಮರಳುವ ವ್ಯವಸ್ಥೆ) ಇಡಬೇಡಿ. ಅದು ನೇರ ಗೆರೆಯಲ್ಲಿ ಮನೆಗೆ ಹೊರಡುತ್ತದೆ, ನಡುವೆ ತಡೆಗೋಡೆಯ ಕಲ್ಲುಗಳಿವೆ. ಸ್ಮಾರ್ಟ್ ಆರ್‌ಟಿಎಲ್ ಇಟ್ಟರೆ ಹೋದ ದಾರಿಯಲ್ಲೇ ಬರುತ್ತದೆ.

ಇನ್ನು ಯಾರೂ ಒಪ್ಪದಿದ್ದ ವಿಷಯ. ಸರ್ವೆ ಲೈನು, ಅಂದರೆ ಆಳ ಅಳೆಯುತ್ತ ಸಾಗುವ ಗೆರೆ, ಬೋಟು ಓಡಾಡುವ ಕಾಲುವೆಗೆ ಅಡ್ಡ ಹಾಕಬೇಕು ಅಂತ ಎಲ್ಲರೂ ಕಲಿತಿದ್ದೇವೆ. ಅಳಿವೆಯಲ್ಲಿ ಅಡ್ಡ ಹೋದರೆ ತೆರೆ ಪಕ್ಕಕ್ಕೆ ಹೊಡೆಯುತ್ತದೆ. ಸಣ್ಣ ದೋಣಿ ಉರುಳಾಡುತ್ತದೆ, ಹಲ್‌ಗಳ ನಡುವೆ ಗಾಳಿಗುಳ್ಳೆ ತುಂಬಿ ಸೌಂಡರ್ ಕುರುಡಾಗುತ್ತದೆ. ಕಡಲಿಂದ ಒಳಗೆ ಬರುವಾಗಲಂತೂ ತೆರೆ ಹಿಂದಿನಿಂದ ಎತ್ತಿ ದೋಣಿಯನ್ನು ಅಡ್ಡಕ್ಕೆ ತಿರುಗಿಸಿ ಮಗುಚುತ್ತದೆ. ನಾನು ಲೈನುಗಳನ್ನು ಕಾಲುವೆಯ ಉದ್ದಕ್ಕೆ ಹಾಕಿದೆ, ಐದೈದು ಮೀಟರ್ ಅಂತರದಲ್ಲಿ. ದೋಣಿಯ ಮೂತಿ ಯಾವಾಗಲೂ ಕಡಲ ಕಡೆಗೇ. ಹೊರಗೆ ಹೋಗುವಾಗಿನ ಆಳ ಮಾತ್ರ ಲೆಕ್ಕಕ್ಕೆ. ತುದಿ ಮುಟ್ಟಿದ ಮೇಲೆ ತಿರುಗುವುದಿಲ್ಲ. ಮಿಷನ್‌ನಲ್ಲಿ (ದೋಣಿಗೆ ಕೊಡುವ ದಾರಿಯ ಪಟ್ಟಿಯಲ್ಲಿ) ಡೂ-ಸೆಟ್-ರಿವರ್ಸ್ ಆದೇಶ ಹಾಕಿದ್ದೇನೆ, ಹಿಮ್ಮುಖವಾಗಿ ಬಂದು ಪಕ್ಕದ ಲೈನಿಗೆ ಸರಿದು ಮತ್ತೆ ಮುಂದೆ ಹೋಗುತ್ತದೆ. ಬರುವಾಗಿನ ದತ್ತಾಂಶ ಪೂರ್ತಿ ಬಿಸಾಕುತ್ತೇನೆ. ಅರ್ಧ ಹೊತ್ತು ದಂಡ ಅಲ್ವಾ ಎಂದು ಕೇಳಿದವರಿದ್ದಾರೆ. ದಂಡವೇ, ಆದರೆ ಉಳಿದ ಅರ್ಧ ನಂಬುವಂಥದ್ದು.

ಹೊತ್ತಿನ ಆಯ್ಕೆ ಅದಕ್ಕಿಂತ ಮುಖ್ಯ. ಭರತ (ಉಬ್ಬರ) ಅರ್ಧ ಏರಿದ ಮೇಲೆಯೇ ದೋಣಿ ಇಳಿಸುತ್ತೇನೆ. ಇಳಿತದಲ್ಲಿ ಹೊರಗೆ ಹರಿಯುವ ನೀರು ಒಳಬರುವ ತೆರೆಗೆ ಎದುರಾಗುತ್ತದೆ, ತೆರೆ ಕಡಿದಾಗಿ ಎದ್ದು ಮುರಿಯುತ್ತದೆ. ಭರತದಲ್ಲಿ ನೀರೂ ತೆರೆಯೂ ಒಂದೇ ಕಡೆ ಹೋಗುವುದರಿಂದ ತೆರೆ ಚಪ್ಪಟೆ. ಇದನ್ನು ನನಗೆ ಹೇಳಿದ್ದು ಹಳೆಯ ತಾಂಡೇಲರೊಬ್ಬರು, ಪುಸ್ತಕ ಅಲ್ಲ. ಎದುರು ನೀರಿನಲ್ಲಿ ದೋಣಿ ನಿಧಾನಕ್ಕೆ, ಸೆಕೆಂಡಿಗೆ ಒಂದು ಮೀಟರ್‌ನಂತೆ ಸಾಗುತ್ತದೆ, ಬಿಂದುಗಳು ಒತ್ತೊತ್ತಾಗಿ ಬೀಳುತ್ತವೆ. ಇನ್ನೊಂದು ಲಾಭವೂ ಇದೆ. ಇಳಿತದಲ್ಲಿ ಮೇಲೆ ಸಿಹಿನೀರು, ಕೆಳಗೆ ಉಪ್ಪುನೀರು. ಸಿಹಿನೀರಿನಲ್ಲಿ ಶಬ್ದದ ವೇಗ ಸೆಕೆಂಡಿಗೆ 1500 ಮೀಟರ್ ಚಿಲ್ಲರೆ, ನಮ್ಮ ಬೆಚ್ಚಗಿನ ಕಡಲಲ್ಲಿ 1540ರ ಹತ್ತಿರ. ಐದು ಮೀಟರ್ ಆಳಕ್ಕೆ ಅದೊಂದೇ 13 ಸೆಂ.ಮೀ. ವ್ಯತ್ಯಾಸ ತರುತ್ತದೆ. ಭರತದಲ್ಲಿ ಬೇಸಿಗೆಯ ದಿನ ಮೇಲಿಂದ ಕೆಳಗೆ ಬಹುಪಾಲು ಉಪ್ಪುನೀರೇ. ಬಾರ್ ಚೆಕ್ (ಗೊತ್ತಿರುವ ಆಳಕ್ಕೆ ಪಟ್ಟಿ ಇಳಿಸಿ ಸೌಂಡರ್ ಸರಿ ತೋರಿಸುತ್ತದೆಯೇ ಎಂದು ನೋಡುವುದು) ಮಾತ್ರ ಬಿಡುವುದಿಲ್ಲ, ಕೆಲಸದ ಮೊದಲೂ ಮಾಡುತ್ತೇನೆ, ಕೊನೆಗೂ ಮಾಡುತ್ತೇನೆ.

ದೋಣಿಯ ಏರಿಳಿತ ಅಳೆಯುವ ಹೀವ್ ಸೆನ್ಸರ್ ಇಲ್ಲದೆ ತೆರೆಯಲ್ಲಿ ಹೇಗೆ ಎಂಬುದು ಎಲ್ಲರ ಪ್ರಶ್ನೆ. ಆರ್‌ಟಿಕೆ ಆಂಟೆನಾ ಸರಿಯಾಗಿ ಟ್ರಾನ್ಸ್‌ಡ್ಯೂಸರ್ ತಲೆಯ ಮೇಲಿದ್ದರೆ, ಆಂಟೆನಾದ ಎತ್ತರದಿಂದ ಕಂಬದ ಉದ್ದ ಮತ್ತು ಆಳ ಕಳೆದರೆ ತಳ ಸಿಕ್ಕಿತು. ತೆರೆಯ ಏರಿಳಿತ, ಭರತ-ಇಳಿತ ಎರಡೂ ಅದರಲ್ಲೇ ಕಳೆದುಹೋಗುತ್ತವೆ. ಆದರೆ ಜಿಪಿಎಸ್ ಮತ್ತು ಸೌಂಡರ್ ಗಡಿಯಾರ ಒಂದಾಗಿರಬೇಕು. ನನ್ನದರಲ್ಲಿ 0.3 ಸೆಕೆಂಡಿನಷ್ಟು ತಡ ಇತ್ತು, ಸಾಧಾರಣ ತೆರೆಯಲ್ಲೇ 10 ಸೆಂ.ಮೀ. ಅದಕ್ಕೆ ಹೋಗುತ್ತಿತ್ತು. ಆ ತಡವನ್ನು ದಡದಲ್ಲೇ ಹತ್ತು ನಿಮಿಷದಲ್ಲಿ ಅಳೆಯುವ ಒಂದು ದಾರಿ ಕಂಡುಕೊಂಡಿದ್ದೇನೆ. ಅದು ಸದ್ಯಕ್ಕೆ ನನ್ನ ಹತ್ತಿರವೇ ಇರಲಿ. ಟ್ರಾನ್ಸ್‌ಡ್ಯೂಸರ್ ಮುಂದೆ ಗುಳ್ಳೆ ತಡೆಯಲು ಕೂರಿಸಿದ ತುಂಡಿನ ಆಕಾರವೂ ಅಷ್ಟೇ, ಹೊಟ್ಟೆಪಾಡಿನ ವಿಷಯ.

ಭರತದ ತುದಿಯಲ್ಲಿ ನೀರು ನಿಂತ ಮುಕ್ಕಾಲು ಗಂಟೆಯಲ್ಲಿ ನಾಲ್ಕೈದು ಅಡ್ಡ ಲೈನು ಓಡಿಸಿ ತಾಳೆ ನೋಡುತ್ತೇನೆ. ಹೆಚ್ಚಿನ ಕಡೆ ವ್ಯತ್ಯಾಸ 8–10 ಸೆಂ.ಮೀ. ಒಳಗಿತ್ತು. ಅಂತರರಾಷ್ಟ್ರೀಯ ಜಲಮಾಪನ ಸಂಸ್ಥೆ ಐಎಚ್‌ಒದ ಎಸ್-44 ಮಾನದಂಡದ ಸ್ಪೆಷಲ್ ಆರ್ಡರ್ ದರ್ಜೆ 25 ಸೆಂ.ಮೀ.ಗಿಂತಲೂ ಸ್ವಲ್ಪ ಹೆಚ್ಚಿನ ತಪ್ಪನ್ನು ಒಪ್ಪುತ್ತದೆ. ಹೂಳೆತ್ತುವವರ ಕಡೆಯವರು ತಮ್ಮದೇ ಉದ್ದ ಕೋಲು ತಂದು ಆಳವಿಲ್ಲದ ಕಡೆ ಚುಚ್ಚಿ ನೋಡಿದರು. ಆಮೇಲೆ ತಕರಾರು ಬರಲಿಲ್ಲ.

ನಡುವೆ ಬೇರೆ ಪ್ರಯೋಗಗಳೂ ನಡೆದವು. ಬಲೆಯ ಥರ್ಮಾಕೋಲ್ ಗುರುತನ್ನು ಕ್ಯಾಮೆರಾದಿಂದ ಹಿಡಿದು ತಾನೇ ಸರಿದು ಹೋಗುವಂತೆ ಮಾಡಲು ನೋಡಿದೆ. ಬೆಳಿಗ್ಗೆ ಚೆನ್ನಾಗಿ ಕಾಣುತ್ತದೆ. ನಮ್ಮ ಕರಾವಳಿ ಪಡುವಣಕ್ಕೆ ಮುಖ ಮಾಡಿದ್ದು, ಮೂರು ಗಂಟೆಯ ಮೇಲೆ ಬಿಸಿಲು ನೀರಿನ ಮೇಲೆ ಬಿದ್ದು ಕ್ಯಾಮೆರಾಕ್ಕೆ ಏನೂ ಕಾಣದು. ಈಗ ಬಲೆ ಹಾಕುವವರ ಹತ್ತಿರ ಹಿಂದಿನ ರಾತ್ರಿಯೇ ಕೇಳಿ ಬರೆದುಕೊಳ್ಳುತ್ತೇನೆ, ಅದೇ ಒಳ್ಳೆಯದು. ತುಂಗಭದ್ರಾ ಹಿನ್ನೀರಿನಲ್ಲೂ ಒಮ್ಮೆ ಓಡಿಸಿದೆ. ಕಟ್ಟಿದಾಗ 133 ಟಿಎಂಸಿ ಹಿಡಿಯುತ್ತಿದ್ದ ಜಲಾಶಯ ಹೂಳು ತುಂಬಿ 105ರ ಆಸುಪಾಸಿಗೆ ಬಂದಿದೆ. ಅಂಥ ಕಡೆ ಈ ದೋಣಿಗಳಿಗೆ ವರ್ಷವಿಡೀ ಕೆಲಸ ಇದೆ.

ಒಂದು ಎಚ್ಚರ. ಜನ ಇಲ್ಲದ ದೋಣಿ ಕಂಡರೆ ಯಾರಾದರೂ ಪೊಲೀಸರಿಗೆ ಫೋನ್ ಮಾಡಿಯೇ ಮಾಡುತ್ತಾರೆ. 2008ರ ಮುಂಬೈ ದಾಳಿಯವರು ಕಡಲಿನಿಂದ ಬಂದವರು, ಕರಾವಳಿಯಲ್ಲಿ ಅದನ್ನು ಯಾರೂ ಮರೆತಿಲ್ಲ. ಫೋನ್ ಮಾಡಿದ್ದು ಸರಿಯೇ ಅನ್ನುತ್ತೇನೆ. ಈಗ ಕರಾವಳಿ ಕಾವಲು ಪೊಲೀಸ್ ಠಾಣೆಗೆ ಮೊದಲೇ ಪತ್ರ ಕೊಡುತ್ತೇನೆ. ಹಲ್ ಕಿತ್ತಳೆ ಬಣ್ಣ, ಎರಡೂ ಪಕ್ಕ ದೊಡ್ಡದಾಗಿ ಫೋನ್ ನಂಬರು.

ಉಕ್ರೇನಿನ ಆಳಿಲ್ಲದ ಮಗುರಾ ದೋಣಿ 2024ರ ಫೆಬ್ರವರಿಯಲ್ಲಿ ರಷ್ಯಾದ ಇವಾನೊವೆಟ್ಸ್ ಹಡಗನ್ನು ಮುಳುಗಿಸಿದ ವಿಡಿಯೋ ನೋಡಿದ ಮೇಲೆ ನನ್ನ ದೋಣಿಯನ್ನು ಬೇರೆ ಕಣ್ಣಿನಿಂದ ನೋಡುವವರು ಜಾಸ್ತಿಯಾಗಿದ್ದಾರೆ. ಅದೇ ವರ್ಷದ ಅಕ್ಟೋಬರ್‌ನಲ್ಲಿ ನಮ್ಮದೇ ದೇಶದ ಆಳಿಲ್ಲದ ಮಾತಂಗಿ ದೋಣಿ ಮುಂಬೈಯಿಂದ ತೂತ್ತುಕುಡಿಗೆ 1500 ಕಿ.ಮೀ. ಯಾನಕ್ಕೆ ಹೊರಟಿತು. ದಾರಿಯಲ್ಲಿ ಸಿಗುವುದು ನಮ್ಮದೇ ಕರಾವಳಿ. ಅವು ದೊಡ್ಡವರ ಕೆಲಸ, ನೋಡಿದರೆ ಹೆಮ್ಮೆಯಾಗುತ್ತದೆ. ಆದರೆ ಮೀನು ಹಿಡಿದು ಮರಳುವ ಬೋಟು ಅಳಿವೆಯಲ್ಲಿ ಮಗುಚದಿರಲು ಬೇಕಾದದ್ದು ಈ ಆರಡಿಯ ದೋಣಿ. ಆಗಸ್ಟ್ ಮೊದಲ ವಾರ ಕಾಲುವೆಯ ನಕ್ಷೆಯನ್ನು ದೊಡ್ಡ ಕಾಗದದಲ್ಲಿ ಪ್ರಿಂಟ್ ಹಾಕಿಸಿ ಬಂದರಿನಲ್ಲಿ ಅಂಟಿಸುತ್ತೇನೆ. ಅದಕ್ಕೆ ದುಡ್ಡು ಕೇಳುವುದಿಲ್ಲ.

ಮುಂದೆ ಹೊನ್ನಾವರದ ಶರಾವತಿ ಅಳಿವೆಯಲ್ಲಿ ಮಾಡಬೇಕೆಂದಿದೆ. ಅಲ್ಲಿಗೆ ಥ್ರಸ್ಟರ್ ಬದಲು ನೀರು ಹೀರಿ ಹಿಂದಕ್ಕೆ ಚಿಮ್ಮಿಸುವ ಜೆಟ್ ಪಂಪ್ ಹಾಕುವ ಆಲೋಚನೆ, ನೂಲಿನ ಕಾಟ ತಪ್ಪಲಿ ಅಂತ. ಒಂದು ಜೋಡಿಗೆ ಒಂದೂವರೆ ಲಕ್ಷ ಹೇಳುತ್ತಿದ್ದಾರೆ. ಮರಳು ನೀರಿನಲ್ಲಿ ಜೆಟ್ ಓಡಿಸಿದವರು ಯಾರಾದರೂ ಇದ್ದರೆ, ಅದರೊಳಗೆ ತಿರುಗುವ ಇಂಪೆಲ್ಲರ್ ಎಷ್ಟು ಗಂಟೆ ಬಾಳಿತು ಎಂದು ತಿಳಿಸಿ. ದುಡ್ಡು ಕಟ್ಟುವ ಮೊದಲು ನನಗೆ ಅದೊಂದು ಗೊತ್ತಾಗಬೇಕು.