‘ದಿ ರೈಲ್ವೇ ಮ್ಯಾನ್’: ಯಾವುದು ಮೊದಲು, ಪುಸ್ತಕವೋ ಸಿನಿಮಾವೋ?

ನಟ ಕಾಲಿನ್ ಫರ್ತ್ ಇದ್ದಾರೆ ಅಂತ ಸಿನಿಮಾದಿಂದ ಶುರು ಮಾಡಬೇಡಿ. ನಾನು ಹಾಗೆ ಮಾಡಿ ಕೆಟ್ಟೆ. ಆಮೇಲೆ ಪುಸ್ತಕ ಓದುವಾಗ ಪುಟಪುಟಕ್ಕೂ ಅವರ ಮುಖವೇ ಅಡ್ಡ ಬರುತ್ತಿತ್ತು. ಎರಡನೇ ಮಹಾಯುದ್ಧದಲ್ಲಿ ಜಪಾನೀಯರ ಕೈದಿಯಾಗಿದ್ದ ಬ್ರಿಟಿಷ್ ಸೇನಾಧಿಕಾರಿ ಎರಿಕ್ ಲೋಮ್ಯಾಕ್ಸ್ ತಮ್ಮ ಸೆರೆಯ ಕಥೆಯನ್ನು ಈ ಪುಸ್ತಕವಾಗಿ ಪ್ರಕಟಿಸಿದ್ದು 1995ರಲ್ಲಿ. ಮೊದಲು ಅದನ್ನೇ ಹಿಡಿಯಿರಿ.

ಶುರುವಿನ ಅಧ್ಯಾಯಗಳ ತುಂಬ ಎಡಿನ್‌ಬರೋದ ಹುಡುಗನೊಬ್ಬನ ರೈಲು ಹುಚ್ಚು. ಯುದ್ಧ ಎಲ್ಲಪ್ಪಾ ಅಂತ ಪುಟ ಹಾರಿಸಬೇಡಿ, ಈ ಹುಚ್ಚೇ ಮುಂದೆ ಅವರಿಗೆ ಮುಳುವಾಗುತ್ತದೆ. 1942ರಲ್ಲಿ ಸಿಂಗಾಪುರ ಬಿದ್ದು ಜಪಾನೀಯರ ಸೆರೆಯಾದ ಲೋಮ್ಯಾಕ್ಸ್, ಥಾಯ್ಲೆಂಡಿನ ಕಾಂಚನಬುರಿಯ ಕ್ಯಾಂಪಿನಲ್ಲಿ, ಜಪಾನೀಯರು ಕೈದಿಗಳಿಂದ ಕಟ್ಟಿಸುತ್ತಿದ್ದ ರೈಲು ಮಾರ್ಗದ ನಕ್ಷೆಯೊಂದನ್ನು ಬರೆದು ಬಚ್ಚಿಟ್ಟುಕೊಂಡಿದ್ದರು. ಗೆಳೆಯರೆಲ್ಲ ಸೇರಿ ಕದ್ದು ಮಾಡಿಕೊಂಡ ರೇಡಿಯೋ ಸಿಕ್ಕಿಬಿತ್ತು. ಆಮೇಲೆ ನಕ್ಷೆಯೂ ಸಿಕ್ಕಿತು. ಕೈ ಮುರಿಯುವಷ್ಟು ಹೊಡೆತ, ಮೂಗು ಬಾಯಿಗೆ ನೀರು. ಆದರೆ ಅವರ ತಲೆಯಲ್ಲಿ ಐವತ್ತು ವರ್ಷ ಕೂತಿದ್ದು ಪ್ರಶ್ನೆಗಳನ್ನು ಇಂಗ್ಲಿಷಿಗೆ ತಿರುಗಿಸುತ್ತಿದ್ದ ದುಭಾಷಿ, ನಾಗಾಸೆ ತಕಾಶಿ.

ಓದುವಾಗ ಪಕ್ಕದಲ್ಲಿ ಒಂದು ಮ್ಯಾಪ್ ಇರಲಿ. ಆ ರೈಲು ಮಾರ್ಗ ಥಾಯ್ಲೆಂಡಿನ ಬಾನ್ ಪೊಂಗ್‌ನಿಂದ ಬರ್ಮಾದ ಥಾನ್‌ಬ್ಯುಜಯಾತ್‌ವರೆಗೆ 415 ಕಿಲೋಮೀಟರ್. ಅದನ್ನು ಕಟ್ಟುವಾಗ ಸತ್ತ ಯುದ್ಧಕೈದಿಗಳು 12,000ಕ್ಕೂ ಹೆಚ್ಚು. ಮಲಯಾದಿಂದ ಸಾಗಿಸಿದ ತಮಿಳು ಕೂಲಿಗಳೂ ಸೇರಿ ಏಷ್ಯಾದ ಕೂಲಿಗಳು ಅದಕ್ಕಿಂತ ಎಷ್ಟೋ ಜಾಸ್ತಿ ಜನ ಸತ್ತರು, ಅವರ ಕಥೆ ಬರೆದವರು ಮಾತ್ರ ಕಡಿಮೆ.

ಪುಸ್ತಕ ಮುಗಿದ ಮೇಲೆ ಸಿಕ್ಕರೆ ಇದೇ ಕಥೆಯ ಬಿಬಿಸಿ ಟಿವಿ ಚಿತ್ರ ‘ಪ್ರಿಸನರ್ಸ್ ಇನ್ ಟೈಮ್’ ನೋಡಿ. ಅದೂ 1995ರದ್ದೇ, ಲೋಮ್ಯಾಕ್ಸ್ ಪಾತ್ರ ಜಾನ್ ಹರ್ಟ್ ಅವರದ್ದು. ಕೊನೆಗೆ 2013ರ ಸಿನಿಮಾ. ಎಲ್ಲವನ್ನೂ ಹೋಲಿಸುತ್ತಾ ಕೂರಬೇಡಿ, ಸುಸ್ತಾಗುತ್ತೆ. ಎಷ್ಟೋ ವರ್ಷದ ಮೇಲೆ ಲೋಮ್ಯಾಕ್ಸ್ ಮತ್ತೆ ನಾಗಾಸೆಯನ್ನು ಕಾಣುವ ಭೇಟಿ ಒಂದೇ ಸಾಕು. ಸಿನಿಮಾದಲ್ಲಿ ಲೋಮ್ಯಾಕ್ಸ್ ಒಬ್ಬರೇ, ಸೇಡು ತೀರಿಸಿಕೊಳ್ಳೋಕೆ ಹೋಗುತ್ತಾರೆ. ನಿಜದಲ್ಲಿ ಮೊದಲು ನಾಗಾಸೆಗೆ ಕಾಗದ ಬರೆದದ್ದು ಹೆಂಡತಿ ಪ್ಯಾಟಿ. ಆಮೇಲೆ 1993ರಲ್ಲಿ ಗಂಡ ಹೆಂಡತಿ ಇಬ್ಬರೂ ಕಾಂಚನಬುರಿಯ ಸೇತುವೆ ಹತ್ತಿರ ಹೋದರು. ನಾಗಾಸೆ ನಡುಗುತ್ತಾ ಬಗ್ಗಿ ನಮಸ್ಕರಿಸಿದಾಗ ಲೋಮ್ಯಾಕ್ಸ್ ಜಪಾನೀ ಭಾಷೆಯಲ್ಲಿ ಬೆಳಗಿನ ನಮಸ್ಕಾರ ಹೇಳಿ, ಹೇಗಿದ್ದೀರಿ ಅಂತ ಕೇಳುತ್ತಾರೆ. ಅಷ್ಟೇ. ಕ್ಯಾಮೆರಾಗೆ ಅಷ್ಟು ಸಾಲದು ಅನ್ನಿಸಿತೋ ಏನೋ, ನನಗಂತೂ ಪುಸ್ತಕದ್ದೇ ಜಾಸ್ತಿ ತಟ್ಟಿತು.

ಇದನ್ನು ರಂಗಕ್ಕೆ ತರುವ ಆಸೆ ಇದ್ದರೆ ರೈಲು, ಕಾಡು, ಸೇತುವೆ ಎಲ್ಲ ಬಿಡಿ. ಸ್ವತಃ ಜರ್ಮನ್ನರ ಯುದ್ಧಕೈದಿಗಳಾಗಿದ್ದ ಇಬ್ಬರು ಬರೆದ ‘ಸ್ಟಾಲಾಗ್ 17’ ನಾಟಕ ಕೈದಿಗಳ ಒಂದು ಬ್ಯಾರಕ್‌ನಲ್ಲೇ ನಡೆಯುತ್ತದೆ. 1951ರಲ್ಲಿ ನ್ಯೂಯಾರ್ಕಿನ ಬ್ರಾಡ್‌ವೇ ರಂಗಭೂಮಿಗೆ ಬಂದ ಆ ನಾಟಕ ಎರಡೇ ವರ್ಷದಲ್ಲಿ ಸಿನಿಮಾನೂ ಆಯಿತು. ಇಲ್ಲಿಯೂ ವಿಚಾರಣೆಯ ಕೋಣೆ ಸಾಕು: ಒಂದು ಮೇಜು, ಮೂರು ಜನ. ಮೊದಲು ಪ್ರಕಾಶಕರಿಂದ ಅನುಮತಿ ತಗೊಳ್ಳಿ. ಅಭ್ಯಾಸ ಮಾಡುವಾಗ ಅಧಿಕಾರಿಯ ಪ್ರಶ್ನೆ ಜಪಾನೀಯಲ್ಲೇ ಬರಲಿ, ದುಭಾಷಿ ಅದನ್ನು ಕನ್ನಡದಲ್ಲಿ ಮೆಲ್ಲಗೆ, ಸಿಟ್ಟಿಲ್ಲದೆ ಹೇಳಲಿ. ನಡುವಿನ ಆ ಎರಡು ಕ್ಷಣ ಕೈದಿಗೂ ಪ್ರೇಕ್ಷಕರಿಗೂ ಏನು ಕೇಳಿದರು ಅಂತ ಗೊತ್ತಿರುವುದಿಲ್ಲ. ಅಲ್ಲಿ ಸಂಗೀತ ತುಂಬಬೇಡಿ.